ಹೊತ್ತು ಅವರದು, ಸಪ್ಪಳ ನಮ್ಮದು: ರೋಣ, ನರಗುಂದ, ಗಜೇಂದ್ರಗಡ ಸೀಮೆಯ ಹಲಗಿಯ ಚರಿತ್ರೆ

ಪೋಸ್ಟ್ ಉದ್ದ ಐತಿ. ಬಸ್ಸಿನಾಗ ಕುಂತಾಗ ಓದ್ರಿ, ಇಲ್ಲಾ ರಾತ್ರಿ ಉಂಡ ಮ್ಯಾಲೆ ಓದ್ರಿ. ಆದ್ರ ಪೂರ್ತಿ ಓದ್ರಿ.

ರೋಣ ಅಂದ ಕೂಡಲೇ ಸಂಗೀತ ಬಲ್ಲವರು ಒಂದು ಹೆಸರು ಹೇಳ್ತಾರೆ: ಪಂಡಿತ ಭೀಮಸೇನ ಜೋಶಿ. 1922ರಲ್ಲಿ ರೋಣದಲ್ಲಿ ಹುಟ್ಟಿದವರು, ಭಾರತ ರತ್ನ ಆದವರು. ಪಕ್ಕದ ಗದಗಿನಲ್ಲಿ ವೀರೇಶ್ವರ ಪುಣ್ಯಾಶ್ರಮ ಐತಿ. ಪಂಚಾಕ್ಷರಿ ಗವಾಯಿಗಳು, ಪುಟ್ಟರಾಜ ಗವಾಯಿಗಳು ಕಣ್ಣಿಲ್ಲದ ಮಕ್ಕಳಿಗೆ ಸಂಗೀತ ಕಲಿಸಿ ಬದುಕು ಕೊಟ್ಟ ಜಾಗ ಅದು. ಇದು ನಾದದ ನೆಲ ಅಂತ ಭಾಷಣದಲ್ಲಿ ಹೇಳೋದು ಸುಳ್ಳಲ್ಲ. ನನಗೂ ಅದರ ಅಭಿಮಾನ ಐತಿ.

ಆದ್ರ ಈ ನೆಲದಾಗ ಇನ್ನೊಂದು ನಾದ ಇತ್ತು, ಈಗೂ ಐತಿ. ಅದಕ್ಕೆ ಘರಾಣಾ ಇಲ್ಲ, ಗುರು-ಶಿಷ್ಯರ ಪಟ್ಟಿ ಇಲ್ಲ, ಬಾರಿಸಿದವರ ಹೆಸರು ಯಾರೂ ಬರೆದಿಟ್ಟಿಲ್ಲ. ಊರಾಗ ಯಾರಾದರೂ ತೀರಿಕೊಂಡರೆ ಮೊದಲು ಕೇಳೋದು ಅದು. ಜಾತ್ರಿ ಬಂತು ಅಂದ್ರ ಮೊದಲು ಕೇಳೋದು ಅದು. ಸರ್ಕಾರದ ಹುಕುಂ ಬಂದಾಗ, ಪಂಚರು ಕೂಡ್ತಾರ ಅಂದಾಗ, ಮೊದಲು ಕೇಳೋದು ಅದು. ಹಲಗಿ. ಬಯಲುಸೀಮೆಯ ದಕ್ಷಿಣದವರು ತಮಟೆ ಅಂತಾರೆ. ನಮ್ಮ ಕಡೆ ಹಲಗಿ.

ನಾನು ಹೇಳಬೇಕಾದ ಮಾತು ಇಷ್ಟೇ. ಗಡಿಯಾರ ಬರೋದಕ್ಕಿಂತ ಮೊದಲು ಊರಿಗೆ ಹೊತ್ತು ತಿಳಿಸಿದ್ದು ಸಪ್ಪಳ. ಆ ಸಪ್ಪಳ ಮಾಡಿದ ಕೈ ನಮ್ಮದು. ಕಾಲಕ್ಕೆ ಒಬ್ಬ ದೇವರನ್ನು ಮಾಡಿ ಗುಡ್ಡದ ಮೇಲೆ ಕೂರಿಸಿದರು, ಸಪ್ಪಳ ಮಾಡುವವನನ್ನು ಗುಡಿಯ ಹೊರಗೆ ನಿಲ್ಲಿಸಿದರು. ನಮ್ಮ ಕೈಯಿಂದ ಬಂದ ಸದ್ದು ಶುಭ, ನಮ್ಮ ಕೈ ಮಾತ್ರ ಮೈಲಿಗೆ. ಇದು ಹೆಂಗ ಆತು ಅನ್ನೋದನ್ನ ನಮ್ಮ ಮೂರು ತಾಲೂಕಿನ ಉದಾಹರಣೆ ಇಟಗೊಂಡು ನೋಡೋಣ.

*

ಗಜೇಂದ್ರಗಡದ ಪಕ್ಕದ ಗುಡ್ಡದಾಗ ಕಾಲಕಾಲೇಶ್ವರ ಇದ್ದಾನೆ. ನಿಮ್ಮಲ್ಲಿ ಬಹಳ ಮಂದಿ ಹೋಗಿ ಬಂದಿರತೀರಿ. ಕಡಿದಾದ ಗುಡ್ಡ, ದೊಡ್ಡ ದೊಡ್ಡ ಮೆಟ್ಟಿಲು, ವರ್ಷಪೂರ್ತಿ ನೀರು ಹರಿಯುವ ಅಂತರಗಂಗೆ. ಭಕ್ತರು ದಕ್ಷಿಣ ಕಾಶಿ ಅಂತಾರೆ. ಹೆಸರು ಗಮನಿಸಿರಿ: ಕಾಲಕಾಲ. ಕಾಲನಿಗೇ ಕಾಲನಾದವನು, ಅಂದರೆ ಯಮನನ್ನೇ ತಡೆದವನು. ಮಾರ್ಕಂಡೇಯನ ಕಥೆ ಬಲ್ಲವರಿಗೆ ಇದು ಗೊತ್ತು. ನಮ್ಮ ಸೀಮೆಯಲ್ಲಿ ಕಾಲದ ದೇವರು ಅಂತ ಯಾರನ್ನಾದರೂ ಕರೆಯಬೇಕಾದರೆ ಇವನನ್ನೇ ಕರೀಬೇಕು.

ಈ ದೇವರ ಒಂದು ಪವಾಡ ಹೇಳ್ತಾರೆ. ಯುಗಾದಿಯ ಹಿಂದಿನ ರಾತ್ರಿ ಗುಡಿಯ ಹೊರಗೆ ಸುಣ್ಣ, ಬಣ್ಣ, ಕುಂಚ ಇಡ್ತಾರೆ. ಕೆಲಸ ಮಾಡುವವನು ಸೇದಲಿ ಅಂತ ಹುಕ್ಕಾನೂ ಇಡ್ತಾರೆ. ರಾತ್ರಿ ಅಲ್ಲಿ ಯಾರೂ ಇರೋ ಹಂಗಿಲ್ಲ. ಬೆಳಗ್ಗೆ ನೋಡಿದರೆ ಗುಡಿಗೆ ಸುಣ್ಣ ಬಳಿದಿರುತ್ತದೆ. ಕಾಣದ ಕೈ ಬಂದು ಬಳಿದು ಹೋಯಿತು ಅಂತ ನಂಬಿಕೆ. ಬಣ್ಣ ಹೆಂಗ ಬಿದ್ದೈತಿ ಅಂತ ನೋಡಿ ಪೂಜಾರಿಗಳು ಆ ವರ್ಷದ ಮಳಿ-ಬೆಳಿ ಹೇಳ್ತಾರೆ.

ನಂಬುವವರನ್ನು ಗೇಲಿ ಮಾಡೋದಕ್ಕೆ ನಾನು ಇದನ್ನು ಬರೀತಿಲ್ಲ. ನಮ್ಮ ಕೇರಿಯ ಅವ್ವಂದಿರು, ಆಯಿಗಳೂ ನಂಬ್ತಾರೆ. ಆದ್ರ ಒಂದು ಪ್ರಶ್ನೆ ಕೇಳಬೇಕು. ಗುಡಿ ಕಟ್ಟಿದ ಕೈ, ಕಲ್ಲು ಒಡೆದ ಕೈ, ಸುಣ್ಣದ ಗೂಡಿಗೆ ಕಲ್ಲು ಹೊತ್ತ ಕೈ, ಮೆಟ್ಟಿಲು ಕೂರಿಸಿದ ಕೈ, ಇವು ಯಾವೂ ಯಾರಿಗೂ ಕಾಣಲಿಲ್ಲ. ಕಾಣದ ಕೈ ಗುಡಿಗೆ ಸುಣ್ಣ ಬಳಿದರೆ ಪವಾಡ. ಕಾಣುವ ಕೈ ಜೀವಮಾನ ಪೂರ್ತಿ ದುಡಿದರೆ ಅದಕ್ಕೆ ಹೆಸರೇ ಇಲ್ಲ. ಹೊಸ ವರ್ಷದ ಕಾಲನಿರ್ಣಯ ಶುರುವಾಗೋದೇ ಯಾರೋ ಮಾಡಿದ ಕೆಲಸದಿಂದ. ಕೆಲಸ ಮಾಡಿದವನು ಕಾಣಬಾರದು, ಭವಿಷ್ಯ ಹೇಳುವವನು ಕಾಣಬೇಕು. ಹುಕ್ಕಾ ಇಡ್ತಾರಲ್ಲ, ಅದೊಂದೇ ನನಗೆ ಆ ಕಥೆಯಲ್ಲಿ ಇಷ್ಟವಾದ ಭಾಗ. ದಣಿದವನಿಗೆ ಒಂದು ದಮ್ಮು ಬೇಕು ಅನ್ನೋ ತಿಳಿವಳಿಕೆ ಅದರಲ್ಲಾದರೂ ಐತಿ.

*

ಈಗ ಗುಡ್ಡ ಇಳಿದು 12ನೇ ಶತಮಾನದ ಕಲ್ಯಾಣಕ್ಕೆ ಬನ್ನಿ. ಅಲ್ಲಿ ಢಕ್ಕೆಯ ಬೊಮ್ಮಣ್ಣ ಅಂತ ಒಬ್ಬ ಶರಣ ಇದ್ದ. ಮಾರಿಯನ್ನು ತಲೆ ಮೇಲೆ ಹೊತ್ತು ಢಕ್ಕೆ ಬಾರಿಸುತ್ತಾ ಬೀದಿ ತಿರುಗೋದು ಅವನ ಕಾಯಕ. ಢಕ್ಕೆ ಅಂದರೆ ಚರ್ಮವಾದ್ಯ. ಬಸವಣ್ಣ, ಅಲ್ಲಮರ ಹೆಸರು ಗೊತ್ತಿರುವ ನಮ್ಮ ಹುಡುಗರಿಗೆ ಈ ಹೆಸರು ಗೊತ್ತಿಲ್ಲ. ಮಾದಾರ ಚೆನ್ನಯ್ಯ, ಮಾದಾರ ಧೂಳಯ್ಯ, ಡೋಹರ ಕಕ್ಕಯ್ಯ ಗೊತ್ತು. ಅವರ ಸಾಲಿನಲ್ಲಿ ಇವನನ್ನೂ ಇಡಬೇಕು.

ಬೊಮ್ಮಣ್ಣನ ವಚನಗಳ ಅಂಕಿತ ಏನು ಗೊತ್ತೇನ್ರಿ? ಕಾಲಾಂತಕ ಭೀಮೇಶ್ವರಲಿಂಗ. ಕಾಲಾಂತಕ! ಕಾಲಕ್ಕೆ ಅಂತ್ಯ ಹಾಡುವವನು. ಕಾಲಕಾಲ ಅಂದರೂ ಅದೇ ಅರ್ಥ. ಗಜೇಂದ್ರಗಡದ ದೇವರೂ ಬೊಮ್ಮಣ್ಣನ ಲಿಂಗವೂ ಒಂದೇ ಅಂತ ನಾನು ಹೇಳ್ತಿಲ್ಲ, ಹಂಗ ಹೇಳೋದು ಚರಿತ್ರೆ ಆಗೋದಿಲ್ಲ. ಹೇಳೋದು ಇಷ್ಟು: ಚರ್ಮವಾದ್ಯ ಬಾರಿಸಿ ಹೊಟ್ಟೆ ಹೊರೆದ ಒಬ್ಬ ಮನುಷ್ಯ, ತನ್ನ ಮಾತು ಮುಗಿಸುವಾಗೆಲ್ಲ ಕಾಲವನ್ನು ಗೆದ್ದ ದೇವರ ಹೆಸರು ಹೇಳಿದ. ಪೂಜಾರಿಯ ಮೂಲಕ ಹೇಳಲಿಲ್ಲ, ಪಂಚಾಂಗದ ಮೂಲಕ ಹೇಳಲಿಲ್ಲ. ತಾನೇ ಹೇಳಿದ. ಸಪ್ಪಳ ಮಾಡುವವನು ಮತ್ತು ಕಾಲದ ಒಡೆಯ, ನಡುವೆ ಯಾರೂ ಇಲ್ಲ. ಶರಣರು ಮುಹೂರ್ತ, ಲಗ್ನ, ತಿಥಿ-ವಾರದ ಲೆಕ್ಕವನ್ನು ಯಾಕೆ ತಿರಸ್ಕರಿಸಿದರು ಅನ್ನೋದು ಇಲ್ಲಿ ಅರ್ಥ ಆಗ್ತದೆ. ಒಳ್ಳೇ ಗಳಿಗೆ ಯಾವುದು ಅಂತ ಹೇಳುವ ಹಕ್ಕು ಯಾರ ಕೈಯಲ್ಲಿ ಇರ್ತದೋ ಅವರ ಕೈಯಲ್ಲಿ ಊರು ಇರ್ತದೆ.

ಗಳಿಗೆ ಅನ್ನೋ ಮಾತು ಬಂತು. ಹಿಂದಿನ ಕಾಲದಲ್ಲಿ ತಳದಲ್ಲಿ ಸಣ್ಣ ತೂತು ಇರುವ ತಾಮ್ರದ ಬಟ್ಟಲನ್ನು ನೀರಿನಲ್ಲಿ ಬಿಡ್ತಿದ್ದರು. ಅದು ತುಂಬಿ ಮುಳುಗಿದರೆ ಒಂದು ಗಳಿಗೆ, ನಮ್ಮ ಲೆಕ್ಕದಲ್ಲಿ 24 ನಿಮಿಷ. ದಿನಕ್ಕೆ ಅಂಥವು 60. ಅರಮನೆಯಲ್ಲಿ, ದೊಡ್ಡ ಗುಡಿಯಲ್ಲಿ ಬಟ್ಟಲು ಮುಳುಗಿದಾಗ ಜಾಗಟೆ ಹೊಡೀತಿದ್ದರು. ನೋಡ್ರಿ, ಕಾಲ ಅಳೆಯೋದು ನೀರು, ಆದ್ರ ಕಾಲ ಊರಿಗೆ ಮುಟ್ಟೋದು ಸಪ್ಪಳದಿಂದ. ಈಗೂ ನಾವು ಸಮಯಕ್ಕೆ ಏನಂತೀವಿ? "ಗಂಟೆ ಎಷ್ಟಾತು?" ಅಂತೀವಿ. ಕನ್ನಡದಲ್ಲಿ ಹೊತ್ತಿನ ಹೆಸರೇ ಸಪ್ಪಳದ ಹೆಸರು.

*

ಸಪ್ಪಳಕ್ಕೆ ಎಷ್ಟು ಬೆಲೆ ಇತ್ತು ಅನ್ನೋದಕ್ಕೆ ಶಾಸನ ನೋಡ್ರಿ. ಗಜೇಂದ್ರಗಡದ ಹತ್ತಿರ ಸೂಡಿ ಐತಿ. ಜೋಡು ಕಳಸದ ಗುಡಿ, ನಾಗಕುಂಡ ನೋಡೋಕೆ ಮಂದಿ ಬರ್ತಾರೆ. 11ನೇ ಶತಮಾನದಲ್ಲಿ ಅದು ಕಿಸುಕಾಡು ಎಪ್ಪತ್ತರ ಮುಖ್ಯ ಊರು. ಕಲ್ಯಾಣ ಚಾಲುಕ್ಯ ದೊರೆ ಇಮ್ಮಡಿ ಜಯಸಿಂಹನ ಅಕ್ಕ ಅಕ್ಕಾದೇವಿ ಈ ಸೀಮೆಯನ್ನು ಆಳಿದಳು. ಆ ಕಾಲದ ಶಾಸನಗಳಲ್ಲಿ ಸಾಮಂತರ ಬಿರುದು ಶುರುವಾಗೋದೇ ಹಿಂಗ: "ಸಮಧಿಗತ ಪಂಚಮಹಾಶಬ್ದ". ಅಂದರೆ ಐದು ಮಹಾಶಬ್ದಗಳ ಗೌರವ ಪಡೆದವನು. ತನ್ನ ಮುಂದೆ ಐದು ವಾದ್ಯ ಬಾರಿಸಿಕೊಂಡು ಹೋಗುವ ಹಕ್ಕು ಚಕ್ರವರ್ತಿಯಿಂದ ಬಂದವನು. ಸಪ್ಪಳ ಅನ್ನೋದು ಆಗ ಅಧಿಕಾರದ ಸರ್ಟಿಫಿಕೇಟು.

ಆ ಐದು ಯಾವುವು? ನಿಜಗುಣ ಶಿವಯೋಗಿಯ ವಿವೇಕಚಿಂತಾಮಣಿಯಲ್ಲಿ ಪಟ್ಟಿ ಐತಿ: ಶೃಂಗ, ತಮ್ಮಟ, ಶಂಖ, ಭೇರಿ, ಜಯಘಂಟೆ. ಎರಡನೆಯ ಹೆಸರು ಇನ್ನೊಮ್ಮೆ ಓದ್ರಿ. ತಮ್ಮಟ. ನಮ್ಮ ತಮಟೆ. ನಮ್ಮ ಹಲಗಿಯ ಒಡಹುಟ್ಟು.

ಮಹಾಮಂಡಲೇಶ್ವರನ ಮುಂದೆ ಬಾರಿಸಿದರೆ ಮಹಾಶಬ್ದ. ಅದನ್ನೇ ಮಾದರ ಕೇರಿಯವನು ಹೆಗಲಿಗೆ ಹಾಕಿಕೊಂಡು ಬಂದರೆ "ದೂರ ನಿಲ್ಲು". ಶಂಖ, ಘಂಟೆ ಗರ್ಭಗುಡಿಯ ಒಳಗೆ ಹೋದವು. ತಮಟೆ ಹೊರಗೇ ಉಳಿಯಿತು. ಚರ್ಮದ್ದು ಅಂತ ಹೊರಗಿಟ್ಟರು ಅಂತ ಹೇಳ್ತಾರೆ. ಹಂಗಿದ್ದರೆ ಮೃದಂಗ, ತಬಲಾಕ್ಕೆ ಹಚ್ಚಿದ್ದು ಏನು? ಅದೂ ತೊಗಲೇ. ಅವು ಗುಡಿಯೊಳಗೆ, ಸಭೆಯೊಳಗೆ ಹೋದವು. ಮೈಲಿಗೆ ತೊಗಲಿನಲ್ಲಿ ಇರಲಿಲ್ಲ. ಯಾರ ಕೈಯಲ್ಲಿ ಐತಿ ಅನ್ನೋದರಲ್ಲಿ ಇತ್ತು.

*

ಹಲಗಿ ಊರಿನಲ್ಲಿ ಏನೇನು ಕೆಲಸ ಮಾಡ್ತಿತ್ತು ಅನ್ನೋದನ್ನ ಈಗಿನ ಹುಡುಗರಿಗಾಗಿ ಬಿಡಿಸಿ ಹೇಳ್ತೀನಿ.

ಕಟ್ಟಿಗೆಯ ಬಳೆ, ಅದಕ್ಕೆ ಬಿಗಿದ ತೊಗಲು. ಒಂದು ಕೈಯಲ್ಲಿ ದಪ್ಪ ಕೋಲು, ಇನ್ನೊಂದರಲ್ಲಿ ತೆಳ್ಳನೆ ಕಡ್ಡಿ. ಬಾರಿಸೋ ಮೊದಲು ಬೆಂಕಿ ಮಾಡಿ ಹಲಗಿ ಕಾಸಬೇಕು. ತೊಗಲು ಥಂಡಿ ಹಿಡಿದರೆ ದನಿ ಏಳೋದಿಲ್ಲ. ಎಷ್ಟು ಕಾಸಬೇಕು ಅನ್ನೋದು ಬೆರಳಿಗೆ ಗೊತ್ತಿರ್ತದೆ. ಹೆಚ್ಚಾದರೆ ತೊಗಲು ಹರೀತದೆ. ಈಗ ಪ್ಲಾಸ್ಟಿಕ್ ಹಾಳೆಯ ಹಲಗಿ ಬಂದಾವು, ಅವಕ್ಕೆ ಬೆಂಕಿ ಬೇಕಿಲ್ಲ, ದನಿಯೂ ಬೇರೆ. ಎತ್ತಿಕೊಳ್ಳೋ ಮೊದಲು ನಮ್ಮ ಹಿರಿಯರು ಹಲಗಿಗೆ ಕೈ ಮುಗೀತಿದ್ದರು. ನಾದಕ್ಕೆ ಮಾಡಿದ ಪೂಜೆ ಅಂದರೆ ಅದೊಂದೇ. ಮಂತ್ರ ಇಲ್ಲ, ಪೂಜಾರಿ ಇಲ್ಲ, ದಕ್ಷಿಣೆ ಇಲ್ಲ.

ಬಡಿತ ಒಂದೇ ಅಲ್ಲ. ಡಂಗುರಕ್ಕೆ ಒಂದು, ಮದುವಿ ಮೆರವಣಿಗೆಗೆ ಒಂದು, ದೇವಿ ಹೊಳಿಗೆ ಹೋಗುವಾಗ ಒಂದು, ಹೆಣದ ಮುಂದೆ ಒಂದು. ಹೊಲದಲ್ಲಿದ್ದ ಹೆಣ್ಣುಮಗಳು ದೂರದಿಂದ ಬಡಿತ ಕೇಳಿಯೇ ಊರಾಗ ಹುಟ್ಟಿದ ಸುದ್ದಿ ಹಬ್ಬದ್ದೋ ಸಾವಿನದ್ದೋ ಅಂತ ತಿಳಕೊಳ್ತಿದ್ದಳು. ಅಕ್ಷರ ಬಾರದ ಊರಿಗೆ ಅದು ಪೇಪರು, ಅದು ಕ್ಯಾಲೆಂಡರು, ಅದು ಗಡಿಯಾರ.

ದ್ಯಾಮವ್ವನ ಜಾತ್ರಿ ವರ್ಷ ವರ್ಷ ಆಗೋದಿಲ್ಲ. ಮೂರು ವರ್ಷಕ್ಕೆ, ಐದು ವರ್ಷಕ್ಕೆ, ಕೆಲವು ಕಡೆ ಹನ್ನೆರಡು ವರ್ಷಕ್ಕೆ. ಜಾತ್ರಿ ಮೊದಲು ವಾರ ಬಿಡ್ತಾರೆ. ಗೊತ್ತಿಲ್ಲದವರಿಗೆ ಹೇಳ್ತೀನಿ: ಮಂಗಳವಾರ, ಶುಕ್ರವಾರ ಬೀಸೋದಿಲ್ಲ, ಕುಟ್ಟೋದಿಲ್ಲ, ಒಗ್ಗರಣೆ ಹಾಕೋದಿಲ್ಲ, ಹೊಲಕ್ಕೆ ಹೋಗೋದಿಲ್ಲ. ಅದನ್ನು ಊರಿಗೆ ಸಾರಿ ಹೇಳೋದು ಹಲಗಿ. ಹಲಗಿ ಸಾರದ ಹೊರತು ವಾರ ಶುರುವಾಗೋದಿಲ್ಲ. ಅಂದ್ರ ಗೌಡರ ಮನೆಯ ಬೀಸುಕಲ್ಲು ನಿಲ್ಲಬೇಕಾದರೂ ನಮ್ಮವನ ಕೋಲು ಬೀಳಬೇಕು. ಇಡೀ ಊರಿನ ಹೊತ್ತನ್ನು ನಿಲ್ಲಿಸಿ ನಡೆಸುವ ಕೈ! ಆ ಕೈಗೆ ಜಾತ್ರಿಯಲ್ಲಿ ಪ್ರಸಾದ ಮೇಲಿಂದ ಬೀಳ್ತಿತ್ತು.

ಇನ್ನು ಚಲವಾದಿಗಳ ಗಂಟೆ-ಬಟ್ಟಲು. ಲಿಂಗಾಯತರ ಮೆರವಣಿಗೆ, ಮದುವೆ, ಶವಯಾತ್ರೆಯ ಮುಂದೆ ಹೊಲೆಯ ಸಮುದಾಯದ ಚಲವಾದಿ ಗಂಟೆ ಕಟ್ಟಿದ ಹಿತ್ತಾಳೆಯ ಬಟ್ಟಲು ಹಿಡಿದು ನಡೀಬೇಕು. ಅವನ ಗಂಟೆ ಮುಂದೆ, ಸ್ವಾಮಿಗಳ ಪಲ್ಲಕ್ಕಿ ಹಿಂದೆ. ಅವನಿಲ್ಲದೆ ಮೆರವಣಿಗೆ ಹೊರಡೋದಿಲ್ಲ. ಮೆರವಣಿಗೆ ಮುಗಿದು ಪಂಕ್ತಿ ಕೂತಾಗ ಅವನು ಎಲ್ಲಿ ಕೂಡ್ತಾನೆ ಅಂತ ಮಾತ್ರ ಕೇಳಬೇಡ್ರಿ.

*

ಹಲಗಿಗೂ ಕಾಲಕ್ಕೂ ಇರುವ ಸಂಬಂಧ ಸ್ಪಷ್ಟವಾಗಿ ತಿಳೀಬೇಕಾದರೆ ಹೋಳಿ ಹುಣ್ಣಿವಿಗೆ ಬರ್ರಿ. ನಮ್ಮ ಉತ್ತರ ಕರ್ನಾಟಕದಾಗ ಕಾಮಣ್ಣನ ಹಬ್ಬ ಅಂದ್ರ ಹಲಗಿ. ಬಾಗಲಕೋಟೆಯ ಹೋಳಿಯಂತೂ ಹಲಗಿ ಮೇಳಕ್ಕೇ ಹೆಸರಾದದ್ದು. ಸಂತಿಯಲ್ಲಿ ಹಲಗಿ ಸಾಲಾಗಿ ಮಾರಾಟಕ್ಕಿಡ್ತಾರೆ. ಗೌಡರ ಮಗ, ಶೆಟ್ಟರ ಮಗ, ದೇಸಾಯರ ಮೊಮ್ಮಗ, ಎಲ್ಲರ ಕೊರಳಾಗೂ ಹಲಗಿ. ಆ ನಾಕು ದಿನ ತೊಗಲಿಗೆ ಮೈಲಿಗೆ ಇಲ್ಲ. ಮನೆಯೊಳಗೂ ಬರ್ತದೆ, ಪಡಸಾಲಿಯಲ್ಲೂ ತೂಗ್ತದೆ. ಬಣ್ಣದ ದಿನ ಮುಗಿದು ನೀರು ಹಾಕಿಕೊಂಡರು ಅಂದ್ರ ಮುಗೀತು, ಹಲಗಿ ಮತ್ತೆ ಕೇರಿಯ ವಸ್ತು.

ಹಂಗಾದರೆ ಮೈಲಿಗೆ ಅನ್ನೋದು ವಸ್ತುವಿನ ಗುಣ ಅಲ್ಲ ಅಂತ ಅವರಿಗೂ ಗೊತ್ತು. ಯಾವ ತಿಥಿಗೆ ಮುಟ್ಟಬಹುದು, ಯಾವ ತಿಥಿಗೆ ಮುಟ್ಟಬಾರದು ಅನ್ನೋದನ್ನು ಅವರೇ ಗೊತ್ತು ಮಾಡ್ತಾರೆ. ಅಸ್ಪೃಶ್ಯತೆಗೂ ಒಂದು ಪಂಚಾಂಗ ಐತಿ.

ಪೇಶ್ವೆಯರ ಪುಣೆಯ ಬಗ್ಗೆ ಸಮಾಜಶಾಸ್ತ್ರಜ್ಞ ಜಿ.ಎಸ್. ಘುರ್ಯೆ ದಾಖಲಿಸಿದ್ದು ಇದನ್ನೇ. ಮಧ್ಯಾಹ್ನ 3ರಿಂದ ಮರುದಿನ ಬೆಳಗ್ಗೆ 9ರ ತನಕ ಮಹಾರರು, ಮಾಂಗರು ಪಟ್ಟಣದ ಬಾಗಿಲ ಒಳಗೆ ಇರುವಂತಿಲ್ಲ. ಯಾಕಂದ್ರ ಆ ಹೊತ್ತಿನಲ್ಲಿ ನೆರಳು ಉದ್ದ ಬೀಳ್ತದೆ, ಮೇಲ್ಜಾತಿಯವರ ಮೇಲೆ ಬೀಳಬಹುದು. ಸೂರ್ಯ ನೆತ್ತಿ ಮೇಲಿದ್ದಾಗ ಮಾತ್ರ ನೀನು ಮನುಷ್ಯ. ಗಡಿಯಾರದ ಮುಳ್ಳನ್ನು ಹಿಂಗ ಮನುಷ್ಯನ ಮೈಗೆ ಚುಚ್ಚಿದವರು ಬೇರೆ ಯಾರಾದರೂ ಇದ್ದಾರೇನು?

*

ಈಗ ದ್ಯಾಮವ್ವನ ಕಥೆ. ನೋವಿನ ಕಥೆ, ಆದ್ರ ಹೇಳಲೇಬೇಕು.

ನಮ್ಮ ಸೀಮೆಯಲ್ಲಿ ಮನೆಮಾತಾಗಿರೋ ಕಥೆ ಇದು. ನಮ್ಮ ಜಾತಿಯ ಹುಡುಗನೊಬ್ಬ ಜಾತಿ ಮುಚ್ಚಿಟ್ಟು ಬ್ರಾಹ್ಮಣರ ಹತ್ತಿರ ವಿದ್ಯೆ ಕಲಿತ. ಅವರ ಮಗಳನ್ನೇ ಮದುವೆಯಾದ. ಮಕ್ಕಳಾದವು. ಒಂದಿನ ಊಟದ ಹೊತ್ತಿನಲ್ಲಿ ಆಡಿದ ಒಂದು ಮಾತಿನಿಂದ ಅವನ ಜಾತಿ ಬಯಲಾಯಿತು. ಹೆಂಡತಿ ಸಿಟ್ಟಿನಿಂದ ದೇವಿಯಾದಳು. ಗಂಡ ಓಡಿಹೋಗಿ ಕೋಣದ ಮೈಯೊಳಗೆ ಹೊಕ್ಕ. ಅವಳು ಕೋಣನನ್ನು ಕಡಿದಳು. ಅದಕ್ಕೇ ಜಾತ್ರಿಯಲ್ಲಿ ಕೋಣ ಬಲಿ.

ಆ ಕೋಣ ಯಾರು ಅಂತ ಈಗ ಹೇಳ್ರಿ. ಓದಿದ ನಮ್ಮ ಹುಡುಗ. ಅವನ ತಪ್ಪು ಕಳವಲ್ಲ, ಕೊಲೆಯಲ್ಲ. ಅಕ್ಷರ ಕಲಿತದ್ದು, ಜಾತಿ ದಾಟಿ ಮದುವೆಯಾದದ್ದು. ಆ ಶಿಕ್ಷೆಯನ್ನು ಮತ್ತೆ ಮತ್ತೆ ಊರ ಮುಂದೆ ನಡೆಸಿ ತೋರಿಸ್ತಾರೆ. ಅವನನ್ನು ಕಡಿಯುವಾಗ ಹಲಗಿ ಬಾರಿಸಬೇಕಾದವರು ಯಾರು? ನಾವೇ. ಸತ್ತ ಕೋಣನ ತೊಗಲು ಸುಲಿಯುವವರು ಯಾರು? ನಾವೇ. ನಮ್ಮ ಮುತ್ತಜ್ಜನ ಸಾವಿಗೆ ನಾವೇ ತಾಳ ಹಾಕಿದೆವು, ಅದನ್ನು ಹಬ್ಬ ಅಂದುಕೊಂಡೆವು. ಪ್ರಾಣಿಬಲಿ ನಿಷೇಧಕ್ಕೆ ಕರ್ನಾಟಕದಲ್ಲಿ 1959ರಲ್ಲೇ ಕಾಯ್ದೆ ಬಂತು. ಕೋಣನ ಬಲಿ ನಿಂತ ಕಡೆಯೂ ಕಥೆ ನಿಂತಿಲ್ಲ. ಜಾತಿ ಬಿಟ್ಟು ಮದುವೆಯಾದ ಹುಡುಗನ ಹೆಣ ಬಿತ್ತು ಅಂತ ಸುದ್ದಿ ಬಂದಾಗೆಲ್ಲ ನನಗೆ ಈ ಕೋಣ ನೆನಪಾಗ್ತದೆ.

ಕವಿ ಸಿದ್ಧಲಿಂಗಯ್ಯನವರು ಗ್ರಾಮದೇವತೆಗಳ ಮೇಲೇ ಸಂಶೋಧನೆ ಮಾಡಿದರು. ಅವರಿಂದ ನಾವು ಕಲಿಯಬೇಕಾದದ್ದು, ನಮ್ಮ ದೇವರ ಕಥೆಗಳನ್ನು ಭಕ್ತಿಯಿಂದ ಒಪ್ಪೋದೂ ಅಲ್ಲ, ಮೂಢನಂಬಿಕೆ ಅಂತ ಬಿಸಾಡೋದೂ ಅಲ್ಲ. ಸಾಕ್ಷಿ ಹೇಳಿಕೆ ಓದಿದಂಗ ಓದಬೇಕು. ಯಾರು ಹೇಳಿದರು, ಯಾರ ಬಾಯಿ ಮುಚ್ಚಿಸಿದರು ಅಂತ ನೋಡಬೇಕು.

*

ನರಗುಂದಕ್ಕೆ ಬರೋಣ. ನರಗುಂದದಲ್ಲಿ ಬಾಬಾಸಾಹೇಬ ಅಂದರೆ ಎರಡು ಹೆಸರು. ಊರಿನ ಹಿರಿಯರಿಗೆ ಬಾಬಾಸಾಹೇಬ ಅಂದರೆ ದೊರೆ ಭಾಸ್ಕರರಾವ ಭಾವೆ. ದತ್ತಕ ತಗೊಳ್ಳೋ ಹಕ್ಕನ್ನು ಕಂಪನಿ ಸರ್ಕಾರ ಒಪ್ಪಲಿಲ್ಲ, 1858ರಲ್ಲಿ ಅವನು ತಿರುಗಿಬಿದ್ದ. ಸುರೇಬಾನದಲ್ಲಿ ಬ್ರಿಟಿಷ್ ಅಧಿಕಾರಿ ಮ್ಯಾನ್ಸನ್ ಕೊಲೆಯಾದ. ಅದೇ ಜೂನ್ 12ರಂದು ದೊರೆಯನ್ನು ಬೆಳಗಾವಿಯಲ್ಲಿ ಗಲ್ಲಿಗೆ ಹಾಕಿದರು. ಕೇರಿಯ ನಮಗೆ ಬಾಬಾಸಾಹೇಬ ಅಂದರೆ ಇನ್ನೊಬ್ಬರು. ಮೊದಲನೆಯವರು ತಮ್ಮ ವಂಶದ ಹಕ್ಕಿಗೆ ಹೋರಾಡಿದರು. ಎರಡನೆಯವರು ವಂಶದ ಹಕ್ಕು ಅನ್ನೋದನ್ನೇ ಮುರಿಯೋಕೆ ಹೋರಾಡಿದರು.

ಸಂಸ್ಥಾನ ಹೋಗಿ ನರಗುಂದ ಬ್ರಿಟಿಷರ ಕೈಗೆ ಬಂತು. ಧಾರವಾಡ ಜಿಲ್ಲೆ ಆಗ ಮುಂಬಯಿ ಪ್ರಾಂತ್ಯದ್ದು. ಗದಗ ಜಿಲ್ಲೆ ಬೇರೆಯಾದದ್ದು 1997ರಲ್ಲಿ. ಮುಂಬಯಿ ಸರ್ಕಾರದ 1874ರ ವತನ ಕಾಯ್ದೆ ಊರ ಚಾಕರಿಯನ್ನು ವಂಶಪಾರಂಪರ್ಯ ಅಂತ ಕಾನೂನಿನಲ್ಲೇ ಬರೆಯಿತು. ಅಲ್ಲಿತನಕ ಊರ ರೂಢಿಯಾಗಿದ್ದದ್ದು ಈಗ ಸರ್ಕಾರದ ನಿಯಮ. ಡಂಗುರ ಸಾರು, ಟಪಾಲು ಒಯ್ಯಿ, ಸಾಹೇಬ ಬಂದರೆ ಸಾಮಾನು ಹೊರು, ಸತ್ತ ದನ ಎಳಿ. ಬದಲಿಗೆ ಒಂದು ತುಂಡು ವತನದ ಹೊಲ, ಸುಗ್ಗಿಯಲ್ಲಿ ಕಣದ ಮೂಲೆಯಲ್ಲಿ ನಿಂತು ಬೇಡುವ ಆಯ.

1928ರಲ್ಲಿ ಡಾ. ಅಂಬೇಡ್ಕರ್ ಮುಂಬಯಿ ವಿಧಾನ ಪರಿಷತ್ತಿನಲ್ಲಿ ಈ ಕಾಯ್ದೆಯ ತಿದ್ದುಪಡಿಗೆ ಮಸೂದೆ ತಂದರು. ಅವರ ವಾದದಲ್ಲಿ ಮುಖ್ಯವಾದದ್ದು ಕೂಲಿ ಕಡಿಮೆ ಅನ್ನೋದೊಂದೇ ಅಲ್ಲ. ವತನದಾರ ಮಹಾರ ದಿನದ 24 ಗಂಟೆಯೂ ಸರ್ಕಾರದ ಆಳು. ಯಾವ ಹೊತ್ತಿನಲ್ಲಿ ಕರೆದರೂ ಎದ್ದು ಬರಬೇಕು. ಅವನು ಇಲ್ಲದಿದ್ದರೆ ಅವನ ಅಪ್ಪನೋ ಮನೆಯವರಲ್ಲಿ ಇನ್ನೊಬ್ಬರೋ ಹೋಗಬೇಕು. ಅಂದ್ರ ಬಾಬಾಸಾಹೇಬರು ಕಂಡುಹಿಡಿದದ್ದು ಇದನ್ನು: ಅವನಿಂದ ಕಸಿದದ್ದು ಬರೀ ಕೂಲಿ ಅಲ್ಲ, ಅವನ ಕಾಲವನ್ನೇ ಕಸಿದರು. ಊರಿಗೆಲ್ಲ ಹೊತ್ತು ಸಾರುವವನಿಗೆ ತನ್ನದು ಅಂತ ಒಂದು ಗಳಿಗೆ ಇರಲಿಲ್ಲ.

ಆ ಮಸೂದೆ ಪಾಸಾಗಲಿಲ್ಲ. ಆದ್ರ ಅದೇ ಮನುಷ್ಯ ವೈಸರಾಯ್ ಕೌನ್ಸಿಲಿನಲ್ಲಿ ಕಾರ್ಮಿಕ ಖಾತೆ ಹಿಡಿದಾಗ ಏನು ಮಾಡಿದರು? ದಿನಕ್ಕೆ ಎಂಟು ಗಂಟೆಯ ದುಡಿಮೆ ಅನ್ನೋ ಮಾತನ್ನು ಮುಂದಿಟ್ಟರು. 1946ರಲ್ಲಿ ಕಾರ್ಖಾನೆ ಕಾಯ್ದೆಯ ತಿದ್ದುಪಡಿಯಿಂದ ವಾರಕ್ಕೆ 48 ಗಂಟೆಯ ಮಿತಿ ಬಂತು. 24 ಗಂಟೆಯ ಬಿಟ್ಟಿಯಿಂದ 8 ಗಂಟೆಯ ಕೂಲಿಗೆ. ಗಜೇಂದ್ರಗಡದ ಮಗ್ಗದವನಿಂದ ಹಿಡಿದು ಬೆಂಗಳೂರಿನ ಸಾಫ್ಟ್‌ವೇರ್ ಹುಡುಗನ ತನಕ, ಐದೂವರೆಗೆ ಕೈ ತೊಳಕೊಂಡು ಮನೆಗೆ ಹೋಗೋ ಹಕ್ಕು ಕೇಳುವ ಪ್ರತಿಯೊಬ್ಬರೂ ಈ ಬಾಬಾಸಾಹೇಬರ ಋಣದಲ್ಲಿ ಇದ್ದಾರೆ. ಕಾಲಕಾಲ ಅಂತ ಯಾರನ್ನಾದರೂ ಕರೆಯೋದಾದರೆ ನಾನು ಇವರನ್ನು ಕರೀತೀನಿ. ದೇವರು ಮಾಡಬೇಡ್ರಿ ಅಂತ ಅವರೇ ಹೇಳಿದ್ದಾರೆ, ಅದಕ್ಕೆ ಸುಮ್ಮನಿರ್ತೀನಿ.

ಧಾರವಾಡದ ನಂಟು ಇನ್ನೊಂದು ಐತಿ. ಅವರ ದೀನದಲಿತ ಶಿಕ್ಷಣ ಸಂಸ್ಥೆ ತೆರೆದ ವಿದ್ಯಾರ್ಥಿನಿಲಯಗಳಲ್ಲಿ ಧಾರವಾಡದ್ದೂ ಒಂದು. ನಮ್ಮ ಸೀಮೆಯ ಹುಡುಗರಿಗೆ ಹಲಗಿಯ ಕರೆ ಬಿಟ್ಟು ಶಾಲೆಯ ಗಂಟೆ ಕೇಳಿಸುವ ದಾರಿ ಅಲ್ಲಿಂದ ತೆರೆಯಿತು. ಸ್ವಾತಂತ್ರ್ಯ ಬಂದ ಮೇಲೆ ಕರ್ನಾಟಕದ 1961ರ ಗ್ರಾಮ ಹುದ್ದೆಗಳ ರದ್ದತಿ ಕಾಯ್ದೆ ವತನ ಚಾಕರಿಯನ್ನು ಕಾಗದದ ಮೇಲೆ ಮುಗಿಸಿತು. ಸಂವಿಧಾನದ 17ನೇ ವಿಧಿ ಅಸ್ಪೃಶ್ಯತೆ ಇಲ್ಲ ಅಂದಿತು, 23ನೇ ವಿಧಿ ಬಿಟ್ಟಿ ಇಲ್ಲ ಅಂದಿತು. ಹಲಗಿಗೆ ಮಾತ್ರ ಊರು ಮೊದಲಿನಂತೆಯೇ ಕರೀತಾ ಹೋಯಿತು.

*

1970ರ ದಶಕದಲ್ಲಿ ಬಿ. ಕೃಷ್ಣಪ್ಪನವರ ದಲಿತ ಸಂಘರ್ಷ ಸಮಿತಿ ಹಳ್ಳಿಗೆ ಬಂದಾಗ ನಮ್ಮ ಹುಡುಗರು ಮೊದಲು ಹೇಳಿದ ಮಾತುಗಳಲ್ಲಿ ಒಂದು: ಹಲಗಿ ಬಾರಿಸೋದಿಲ್ಲ. ಸತ್ತ ದನ ಎಳೆಯೋದಿಲ್ಲ. ಊರು ಉತ್ತರ ಕೊಟ್ಟದ್ದು ಬಹಿಷ್ಕಾರದಿಂದ. ಕಿರಾಣಿ ಅಂಗಡಿ ಬಂದ್, ಹಿಟ್ಟಿನ ಗಿರಣಿ ಬಂದ್, ಹೊಲದ ಕೆಲಸ ಬಂದ್. ಈಗೂ ರಾಜ್ಯದ ಯಾವುದೋ ಮೂಲೆಯಿಂದ ಅಂಥ ಸುದ್ದಿ ಬರ್ತಾನೇ ಐತಿ. ಸಪ್ಪಳಕ್ಕೆ ಎಷ್ಟು ಬೆಲೆ ಇತ್ತು ಅಂತ ಸಪ್ಪಳ ನಿಂತಾಗಲೇ ಅವರಿಗೆ ಗೊತ್ತಾತು. ನಮ್ಮ ಮೌನವೂ ಒಂದು ಮಹಾಶಬ್ದ.

ಅದೇ ಹೊತ್ತಿಗೆ ಇನ್ನೊಂದು ದಾರಿಯೂ ತೆರೆಯಿತು. ಹೋರಾಟದ ಮೆರವಣಿಗೆಗಳಲ್ಲಿ, ಜಾಥಾಗಳಲ್ಲಿ, ಏಪ್ರಿಲ್ 14ರ ಜಯಂತಿಯಲ್ಲಿ ಹಲಗಿ ಕೇಳಿತು. ಯಾರೂ ಕರೆಯದೆ, ನಮ್ಮದೇ ಹೊತ್ತಿಗೆ, ನಮ್ಮದೇ ಮಾತಿಗೆ. 2023ರಲ್ಲಿ ಚಿಕ್ಕಬಳ್ಳಾಪುರ ಕಡೆಯ ತಮಟೆ ಕಲಾವಿದ ಪಿಂಡಿಪಾಪನಹಳ್ಳಿ ಮುನಿವೆಂಕಟಪ್ಪನವರಿಗೆ ಪದ್ಮಶ್ರೀ ಬಂತು. ಮಹಾಮಂಡಲೇಶ್ವರನ ಮುಂದೆ ಬಾರಿಸಿದವನ ಹೆಸರು ಶಾಸನದಲ್ಲಿ ಇಲ್ಲ. ಈ ಹೆಸರು ಗಣರಾಜ್ಯದ ಪಟ್ಟಿಯಲ್ಲಿ ಬಂತು. ಸಣ್ಣ ವಿಷಯ ಅಲ್ಲ.

ಹಂಗಾದರೆ ಹಲಗಿ ಬಿಡಬೇಕೋ ಹಿಡಿಯಬೇಕೋ? ನಮ್ಮೊಳಗೇ ಈ ಜಗಳ ಐತಿ. ಹಲಗಿ ಗುಲಾಮಗಿರಿಯ ಗುರುತು, ಒಲೆಗೆ ಹಾಕ್ರಿ ಅನ್ನುವ ಹಿರಿಯರ ಸಿಟ್ಟು ನನಗೆ ಅರ್ಥ ಆಗ್ತದೆ. ಮಳೆಯಲ್ಲಿ ನೆನೆದುಕೊಂಡು ಯಾರದ್ದೋ ಹೆಣದ ಮುಂದೆ ಬಡಿದವರು ಅವರು. ಅದು ನಮ್ಮ ಕಲೆ, ಬಿಡಬಾರದು ಅನ್ನುವ ಹುಡುಗರ ಹಟವೂ ಸರಿ ಐತಿ. ನನ್ನ ಲೆಕ್ಕ ಸರಳ. ಹೊತ್ತು ಯಾರು ಗೊತ್ತು ಮಾಡ್ತಾರೆ ಅಂತ ನೋಡ್ರಿ. ಊರು ಕರೆದ ಹೊತ್ತಿಗೆ, ಜಾತಿ ಹೆಸರು ಹಿಡಿದು ಕರೆದಾಗ, ಇಲ್ಲ ಅನ್ನೋಕೆ ಬಾರದಂಥ ಹೆದರಿಕೆಯಲ್ಲಿ ಬಾರಿಸಿದರೆ ಅದು ಬಿಟ್ಟಿ. ಕೈಯಲ್ಲಿ ನಾಕು ನೋಟು ಇಟ್ಟರೂ ಬಿಟ್ಟಿ. ನಾವು ಒಪ್ಪಿದ ಹೊತ್ತಿಗೆ, ನಾವು ಹೇಳಿದ ಸಂಭಾವನೆಗೆ, ವೇದಿಕೆಯ ಮೇಲೆ ಕುರ್ಚಿ ಹಾಕಿಸಿಕೊಂಡು ಬಾರಿಸಿದರೆ ಅದು ಕಲೆ.

ಒತ್ತಾಯ ಮಾಡಿದರೆ 1989ರ ದೌರ್ಜನ್ಯ ತಡೆ ಕಾಯ್ದೆ ಐತಿ, ಬಿಟ್ಟಿ ಚಾಕರಿಗೆ ಹಚ್ಚೋದು ಅದರ ಕೆಳಗೆ ಅಪರಾಧ. ಸಾಮಾಜಿಕ, ಆರ್ಥಿಕ ಬಹಿಷ್ಕಾರ ಹಾಕೋದೂ, ಹಾಕ್ತೀವಿ ಅಂತ ಹೆದರಿಸೋದೂ 2015ರ ತಿದ್ದುಪಡಿಯಿಂದ ಅಪರಾಧ. ಇದನ್ನು ಕೇರಿಯ ಪ್ರತಿಯೊಬ್ಬ ಹುಡುಗನೂ ಬಾಯಿಪಾಠ ಮಾಡಬೇಕು.

ಇನ್ನೊಂದು ಕೆಲಸ ನಿಮ್ಮಿಂದ ಆಗಬೇಕು. ರೋಣ, ನರಗುಂದ, ಗಜೇಂದ್ರಗಡ ಸೀಮೆಯ ಕೇರಿಗಳಲ್ಲಿ ಎಪ್ಪತ್ತು, ಎಂಬತ್ತು ದಾಟಿದ ಹಲಗಿ ಅಜ್ಜಗಳು ಇನ್ನೂ ಇದ್ದಾರೆ. ಡಂಗುರದ ಬಡಿತ, ಸಾವಿನ ಬಡಿತ, ದೇವಿಯ ಬಡಿತ, ಎಲ್ಲ ಅವರ ಬೆರಳಿನಲ್ಲಿ ಐತಿ. ಕೈಯಲ್ಲಿ ಮೊಬೈಲ್ ಐತಲ್ಲ, ರೀಲ್ಸ್ ಸಾಕು, ಅವರ ಮುಂದೆ ಕೂಡ್ರಿ. ಅವರ ಒಪ್ಪಿಗೆ ಕೇಳಿ ರೆಕಾರ್ಡ್ ಮಾಡ್ರಿ. ಯಾವ ಬಡಿತ ಯಾವುದಕ್ಕೆ ಅಂತ ಅವರ ಬಾಯಿಂದಲೇ ಹೇಳಿಸ್ರಿ. ಅವರ ಪೂರ್ತಿ ಹೆಸರು, ಅವರಿಗೆ ಕಲಿಸಿದವರ ಹೆಸರು ಬರೆದುಕೊಳ್ರಿ. ನಮಗೆ ಘರಾಣಾ ಇಲ್ಲ ಅಂತ ಮೇಲೆ ಬರೆದೆನಲ್ಲ, ಘರಾಣಾ ಇಲ್ಲದ್ದಲ್ಲ. ಯಾರೂ ಹೆಸರು ಕೇಳಲಿಲ್ಲ, ಅಷ್ಟೇ.

ಯುಗಾದಿಗೆ ಗುಡ್ಡಕ್ಕೆ ಹೋಗುವವರು ಹೋಗ್ರಿ, ಬೇಡ ಅನ್ನೋದಿಲ್ಲ. ಹೋಗೋ ಮೊದಲು ಒಬ್ಬ ಅಜ್ಜನ ಹೆಸರನ್ನು ಕಾಮೆಂಟಿನಲ್ಲಿ ಬರೀರಿ. ಆ ಕೈ ಇನ್ನ ಮ್ಯಾಲೆ ಕಾಣದ ಕೈ ಆಗಬಾರದು.

ಜೈ ಭೀಮ್.

#ಹಲಗಿ #ನಮ್ಮಚರಿತ್ರೆ #ಬಿಟ್ಟಿಬೇಡ